ಎರಡು ಗಂಟಿನ ತಾಳಿ

ನಾನು ಒಂದು ತಾಳಿ. ಇಷ್ಟನ್ನು ತಡವರಿಸದೆ ಹೇಳಲು ನನಗೆ ಹೆಚ್ಚುಕಡಿಮೆ ಇಡೀ ಆಯುಷ್ಯವೇ ಬೇಕಾಯಿತು. ಬಹುಕಾಲ ನನ್ನನ್ನು ಎಲ್ಲರೂ 'ಪ್ರಾಪರ್ಟಿ' ಎನ್ನುತ್ತಿದ್ದರು. ಟೀವಿ ಧಾರಾವಾಹಿಯವರ ಬಾಯಲ್ಲಿ ಪ್ರಾಪರ್ಟಿ ಎಂದರೆ ಹೊಲ ಮನೆ ಅಲ್ಲ. ಕ್ಯಾಮೆರಾದ ಮುಂದೆ ಇಡುವ ಪ್ಲಾಸ್ಟಿಕ್ ಸೇಬು, ಒಳಗೆ ಏನೂ ಇಲ್ಲದ ಬೀರು, ಸತ್ತುಹೋದ ಮಾವನವರ ಹಾರ ಹಾಕಿದ ಫೋಟೋ, ಇವೆಲ್ಲ ಪ್ರಾಪರ್ಟಿ. ಆ ಸಾಲಿನಲ್ಲಿ ನಾನೂ ಇದ್ದೆ.

ನಾನು ಹುಟ್ಟಿದ್ದು ಬೆಂಗಳೂರಿನ ನಗರ್ತಪೇಟೆಯಲ್ಲಿ, ಒಂದು ಕಡಿದಾದ ಮೆಟ್ಟಿಲಿನ ಮೇಲಿದ್ದ ಕೋಣೆಯಲ್ಲಿ. ತಾಮ್ರದ ತಗಡನ್ನು ಅಚ್ಚಿನ ಮೇಲಿಟ್ಟು ಬಡಿದಾಗ ನನ್ನ ಮೈಮೇಲೆ ಲಕ್ಷ್ಮಿ ಮೂಡಿದಳು. ಅಚ್ಚು ಸವೆದಿತ್ತೋ, ಬಡಿದವನ ಗಮನ ಬೇರೆಲ್ಲೋ ಇತ್ತೋ, ಲಕ್ಷ್ಮಿಯ ಮೂಗು ತುಸು ಸೊಟ್ಟಗಾಯಿತು. ಮೇಲೆ ಚಿನ್ನದ ನೀರು ಕುಡಿಸಿದರು. ತಾಳಿಗೆ ಎರಡು ಬೊಟ್ಟು ಇರುತ್ತವಲ್ಲ, ತವರಿನದೊಂದು, ಗಂಡನ ಮನೆಯದೊಂದು ಎಂದು. ನನ್ನವು ಎರಡೂ ಒಂದೇ ತಗಡಿನವು, ಒಂದೇ ಅಂಗಡಿಯವು. ಆದ್ದರಿಂದ ನಾನು ಎಂದೇ ಮಾತಾಡುತ್ತೇನೆ, ನಾವು ಎನ್ನುವುದಿಲ್ಲ.

ಅಂಗಡಿಯಲ್ಲಿ ನನ್ನನ್ನು ಗಾಜಿನ ಹಿಂದೆ ನೇತುಹಾಕಿದ್ದರು. ಮದುವೆ ಮನೆಯ ಹೆಂಗಸರು ಬಂದು, "ಎಷ್ಟು ಲಕ್ಷಣವಾಗಿದೆ" ಎಂದು ಕೈಗೆತ್ತಿಕೊಳ್ಳುವರು. ಇದು ನಾಟಕಕ್ಕೆ, ಸಿನಿಮಾಕ್ಕೆ ಎಂದು ಅಂಗಡಿಯವನು ಹೇಳಿದ ಕೂಡಲೇ ಬಿಸಿ ಪಾತ್ರೆ ಮುಟ್ಟಿದವರಂತೆ ಬಿಟ್ಟುಬಿಡುವರು. ನನಗೆ ಅವಮಾನವಾಗುತ್ತಿತ್ತು ಎಂದರೆ ಸುಳ್ಳಲ್ಲ. ಎದುರಿನ ಸಾಲಿನಲ್ಲಿದ್ದ ಚಿನ್ನದ ಅಂಗಡಿಯ ತಾಳಿಗಳಿಗಿಂತ ನಾನೇ ಹೆಚ್ಚು ಹೊಳೆಯುತ್ತಿದ್ದೆ. ಆ ವಯಸ್ಸಿನಲ್ಲಿ ಹೊಳೆಯುವುದೇ ದೊಡ್ಡದು ಎಂದುಕೊಂಡಿದ್ದೆ.

ಒಂದು ದಿನ ಪುಟ್ಟಸ್ವಾಮಿ ಬಂದ. ಚನ್ನಪಟ್ಟಣದ ಕಡೆಯವನು, ಧಾರಾವಾಹಿಗಳಿಗೆ ಬಟ್ಟೆ ಒಡವೆ ಹೊಂದಿಸುವ ಕೆಲಸ. ಬಳೆ, ಓಲೆ, ಸೊಂಟದ ಪಟ್ಟಿ ಎಲ್ಲ ಆರಿಸಿ, ಕೊನೆಗೆ ನನ್ನನ್ನು ಎತ್ತಿ ಹಿಂದೆ ಮುಂದೆ ನೋಡಿದ. ಬಾಳಿಕೆ ಬರುತ್ತದೆಯೇ ಎಂದು ಕೇಳಿದ. ನಿಮ್ಮ ಧಾರಾವಾಹಿ ಮುಗಿಯುವವರೆಗೆ ಖಂಡಿತ ಬರುತ್ತದೆ ಎಂದು ಅಂಗಡಿಯವನು ಭರವಸೆ ಕೊಟ್ಟ. ಆ ಧಾರಾವಾಹಿ ಒಂದು ಇಡೀ ಪೀಳಿಗೆ ಶಾಲೆ ಸೇರಿ ಕಾಲೇಜು ಮೆಟ್ಟಿಲು ಹತ್ತುವವರೆಗೆ ಓಡುತ್ತದೆ ಎಂದು ಗೊತ್ತಿದ್ದರೆ ಆ ಪುಣ್ಯಾತ್ಮ ಬಾಯಿಬಿಡುತ್ತಿರಲಿಲ್ಲ.

ಧಾರಾವಾಹಿಯ ಹೆಸರು 'ಬೆಳ್ಳಿ ಹೊಸ್ತಿಲು'. ಅದರ ಸೊಸೆ ಗಿರಿಜೆಯ ಪಾತ್ರಕ್ಕೆ ಬಂದವಳು ಇಂದುಮತಿ ಬೆಟಗೇರಿ. ಗದಗದ ಪಕ್ಕದ ಬೆಟಗೇರಿಯ ನೇಕಾರರ ಮನೆಯ ಹುಡುಗಿ. ಊರ ಹವ್ಯಾಸಿ ನಾಟಕಗಳಲ್ಲಿ ಬಣ್ಣ ಹಚ್ಚಿ, ಆಕಾಶವಾಣಿಯ ನಾಟಕಗಳಲ್ಲಿ ದನಿ ಕೊಟ್ಟು, ಒಂದು ಟ್ರಂಕು ಹಿಡಿದುಕೊಂಡು ಬೆಂಗಳೂರಿಗೆ ಬಂದಿದ್ದಳು. ಪುಟ್ಟಸ್ವಾಮಿ ನನ್ನನ್ನು ಅವಳ ಅಂಗೈಯಲ್ಲಿಟ್ಟಾಗ ಅವಳು ಲಕ್ಷ್ಮಿಯ ಮೂಗಿನ ಮೇಲೆ ಬೆರಳಾಡಿಸಿ ನಕ್ಕಳು.

"ಅಣ್ಣಾರ, ಇಕಿ ಮೂಗು ನಮ್ಮವ್ವನ ಮೂಗಿನಂಗ ಐತಿ ನೋಡ್ರಿ. ಇದನ್ನ ಬಿಟ್ಟು ನನಗ ಬ್ಯಾರೆದ್ದು ಕೊಡಬ್ಯಾಡ್ರಿ."

ನನ್ನ ಊನವನ್ನು ಕಂಡು ಪ್ರೀತಿ ತೋರಿಸಿದ ಮೊದಲ ಜೀವ ಅವಳು. ಆ ಕ್ಷಣದಿಂದ ನಾನು ಅವಳ ಕಡೆಯವನಾಗಿಬಿಟ್ಟೆ.

ಗಿರಿಜೆಯ ಮದುವೆಯ ಚಿತ್ರೀಕರಣ ರಾಜರಾಜೇಶ್ವರಿ ನಗರದ ಒಂದು ಬಾಡಿಗೆ ಬಂಗಲೆಯಲ್ಲಿ ನಡೆಯಿತು. ಗಂಡನ ಪಾತ್ರದವನು ಸುದರ್ಶನ, ಕ್ಯಾಮೆರಾಕ್ಕೆ ಹೊಸಬ. ಗಟ್ಟಿಮೇಳ ಮೊಳಗಿತು, ಅಕ್ಷತೆ ಬಿತ್ತು. ಅವನು ಬೆವರುತ್ತ ನನ್ನನ್ನು ಇಂದುಮತಿಯ ಕೊರಳಿಗೆ ತಂದು ಒಂದು ಗಂಟು ಹಾಕಿದ, ಎರಡು ಹಾಕಿದ, ಮೂರನೆಯದಕ್ಕೆ ದಾರ ಸುತ್ತಿದ. ಅಷ್ಟರಲ್ಲಿ ಪುಟ್ಟಸ್ವಾಮಿ ಟೇಕು ಹಾಳಾಗುತ್ತದೆಂಬುದನ್ನೂ ಮರೆತು ಅಡ್ಡ ಬಂದ.

"ಎರಡೇ ಗಂಟು ಕಣಪ್ಪ. ಮೂರನೇದು ನಿಮ್ಮನೇಲಿ ಹಾಕ್ಕೊ ಹೋಗು."

ಸೆಟ್ಟೆಲ್ಲ ನಕ್ಕಿತು. ಆದರೆ ಅದು ತಮಾಷೆಯ ಮಾತಾಗಿರಲಿಲ್ಲ. ಬಣ್ಣದವರಲ್ಲಿ ಅದೊಂದು ನಡೆದುಬಂದ ಪದ್ಧತಿ ಎಂದು ಪುಟ್ಟಸ್ವಾಮಿ ಆಮೇಲೆ ಆ ಹುಡುಗನಿಗೆ ತಿಳಿಸಿ ಹೇಳಿದ. ಮೂರು ಗಂಟು ಬಿದ್ದರೆ ಮದುವೆ. ನಟನೆಯಲ್ಲಿ ಎರಡೇ ಹಾಕಿ ಮೂರನೆಯದನ್ನು ಬಿಡಬೇಕು. ದೇವರಿಗೆ ಗೊಂದಲ ಆಗಬಾರದು, ಹೆಣ್ಣುಮಗಳ ಬದುಕಿಗೆ ತೊಡಕು ಬರಬಾರದು. ಸುದರ್ಶನ ಕೆಂಪಗಾಗಿ ಕ್ಷಮೆ ಕೇಳಿದ. ನನಗೆ ಮಾತ್ರ ಆ ದಿನ ನನ್ನ ಹಣೆಬರಹ ಗೊತ್ತಾಯಿತು. ಎಷ್ಟು ಮದುವೆ ಕಂಡರೂ ನಾನು ಎರಡು ಗಂಟಿನವನು.

ಮದುವೆಯ ದೃಶ್ಯ ಮುಗಿದ ಮೇಲೆ ಅರಿಶಿನ ದಾರ ತೆಗೆದು ಕರಿಮಣಿ ಸರಕ್ಕೆ ನನ್ನನ್ನು ಪೋಣಿಸಿದರು. ಅಲ್ಲಿಂದ ನಮ್ಮ ಸಂಸಾರ ಶುರುವಾಯಿತು. ನಾನು ಲೋಕವನ್ನು ಕಂಡದ್ದು ಅವಳ ಎದೆಯ ಮೇಲಿನಿಂದ, ಗಲ್ಲದ ಕೆಳಗಿನಿಂದ. ಅವಳ ಮುಖ ನನಗೆ ಪೂರ್ತಿ ಕಂಡದ್ದು ಕನ್ನಡಿಯಲ್ಲಿ ಮಾತ್ರ. ಆದರೆ ಎದೆಯ ಬಡಿತ ನನ್ನಷ್ಟು ಹತ್ತಿರದಿಂದ ಯಾರಿಗೂ ಕೇಳಿಸಿಲ್ಲ. ಮೊದಮೊದಲು ಅಳಲು ಅವಳಿಗೆ ಗ್ಲಿಸರಿನ್ ಬೇಕಿತ್ತು. ಆಮೇಲಾಮೇಲೆ ಬೇಡವಾಯಿತು. ಅಳುವ ಮುಂಚೆ ಒಂದು ಸಲ ಉಸಿರು ಹಿಡಿಯುತ್ತಿದ್ದಳು. ನನಗೆ ಆಗಲೇ ತಿಳಿಯುತ್ತಿತ್ತು, ಇನ್ನು ಮಳೆ ಎಂದು.

ಅವಳ ಗದಗದ ಮಾತು ಮೊದಲಿಗೆ ಎಲ್ಲರಿಗೂ ತಲೆನೋವಾಗಿತ್ತು. ಸಂಭಾಷಣೆ ಹೇಳಿಕೊಡುವವರು ದಿನವೂ ಅವಳ ನಾಲಿಗೆ ತಿದ್ದುತ್ತಿದ್ದರು. ಒಮ್ಮೆ ಅಡುಗೆಮನೆಯ ದೃಶ್ಯದಲ್ಲಿ ನಿಜವಾಗಿಯೂ ಕಾದಿದ್ದ ಬಾಣಲೆಗೆ ಕೈ ತಾಗಿ "ಯವ್ವಾ" ಅಂದುಬಿಟ್ಟಳು. ನಿರ್ದೇಶಕರು ಅದನ್ನು ಕತ್ತರಿಸಲಿಲ್ಲ. ಮರುವಾರದಿಂದ ಮಂಡ್ಯದ, ಹಾಸನದ ಮಕ್ಕಳೆಲ್ಲ ಬಿದ್ದರೂ ಎದ್ದರೂ ಯವ್ವಾ ಎನ್ನತೊಡಗಿದವು. ಗಿರಿಜಕ್ಕ ಎಂದರೆ ಮನೆಮಾತಾಯಿತು. ಅವಳು ಮಾತ್ರ ಶಾಟ್‌ಗಳ ನಡುವೆ ಕುಳಿತಲ್ಲೇ ತೂಕಡಿಸುತ್ತ, ಮಂಡಕ್ಕಿಗೆ ಈರುಳ್ಳಿ ಹಸಿಮೆಣಸಿನಕಾಯಿ ಕಲಸಿ ಲೈಟ್ ಹುಡುಗರಿಗೆಲ್ಲ ಹಂಚುತ್ತ, ಬಂದಾಗ ಹೇಗಿದ್ದಳೋ ಹಾಗೆಯೇ ಇದ್ದಳು.

ನನ್ನ ಕೀರ್ತಿಯೂ ಕಡಿಮೆಯೇನಲ್ಲ. ಅತ್ತೆ ಗದರಿದರೆ ಕ್ಯಾಮೆರಾ ನನ್ನ ಮೇಲೆ ಬರುತ್ತಿತ್ತು. ನಾದಿನಿ ಹಾಲಿಗೆ ವಿಷ ಹಾಕಿದರೂ ನನ್ನ ಮೇಲೆ ಬರುತ್ತಿತ್ತು, ಹಿಂದೆ ಮುಂದೆ ಮೂರು ಸಲ, ತಮಟೆ ಸದ್ದಿನ ಜೊತೆಗೆ. ಗಿರಿಜೆ ನನ್ನನ್ನು ಮುಷ್ಟಿಯಲ್ಲಿ ಹಿಡಿದು ಆಣೆ ಮಾಡಿದಳೆಂದರೆ ಆ ಶುಕ್ರವಾರದ ಕಂತು ಗೆದ್ದ ಹಾಗೆ. ಇಷ್ಟು ಆಣೆಗಳನ್ನು ಹೊತ್ತ ಯಾವ ನಿಜವಾದ ತಾಳಿಯೂ ಈ ರಾಜ್ಯದಲ್ಲಿ ಇರಲಾರದು.

ಮದುವೆ ಯಾಕೆ ಮಾಡಿಕೊಂಡಿಲ್ಲ ಎಂದು ಪತ್ರಿಕೆಯವರು ಕೇಳಿದರೆ ಇಂದುಮತಿ ನಗುತ್ತಿದ್ದಳು. ವಾರಕ್ಕೊಂದು ಸಲ ಆಗುತ್ತಲೇ ಇದೆಯಲ್ಲ, ಇನ್ನೆಷ್ಟು ಬೇಕು ಎನ್ನುತ್ತಿದ್ದಳು. ಅವಳ ಮನಸ್ಸೆಲ್ಲ ಒಂದೇ ಕಡೆ ಇತ್ತು, ಬೆಟಗೇರಿಯಲ್ಲಿದ್ದ ತಾಯಿ ಹೊನ್ನವ್ವನ ಕಡೆ.

ಹೊನ್ನವ್ವ ಮಗ್ಗಕ್ಕೆ ನೂಲಿನ ಕಂಡಿಕೆ ಸುತ್ತಿ ಮಗಳನ್ನು ಸಾಕಿದವಳು. ಇಂದುಮತಿ ಚಿಕ್ಕವಳಿದ್ದಾಗಲೇ ಗಂಡ ತೀರಿಕೊಂಡಿದ್ದ. ನಾನು ಆಕೆಯನ್ನು ಮೊದಲು ಕಂಡದ್ದು ದಾವಣಗೆರೆಯಲ್ಲಿ. ಅಲ್ಲಿನ ಮಹಿಳಾ ಸಂಘದವರು ಇಂದುಮತಿಗೆ ಸನ್ಮಾನ ಇಟ್ಟುಕೊಂಡಿದ್ದರು. ಗಿರಿಜೆಯ ವೇಷದಲ್ಲೇ ಬರಬೇಕೆಂದು ಅವರ ಒತ್ತಾಯ. ಬೆಟಗೇರಿಯಿಂದ ತಾಯಿಯನ್ನೂ ಕರೆಸಿಕೊಂಡಿದ್ದಳು. ಹೆಂಗಸರು ಮುಗಿಬಿದ್ದು ನನ್ನನ್ನು ಕಣ್ಣಿಗೊತ್ತಿಕೊಂಡರು. ಒಬ್ಬಾಕೆ ತನ್ನ ಚಿನ್ನದ ತಾಳಿಯನ್ನು ತಂದು ನನಗೆ ತಾಗಿಸಿಕೊಂಡು ಹೋದಳು. ನನಗೆ ನಾಚಿಕೆಯಾಯಿತು. ಆಮೇಲೆ ಅರಿಶಿನ ಕುಂಕುಮದ ತಟ್ಟೆ ಸಾಲಿನಲ್ಲಿ ಬಂತು. ಹಿಂದಿನ ಬಾಗಿಲಿನ ಪಕ್ಕ ನಿಂತಿದ್ದ ಹೊನ್ನವ್ವನ ಹತ್ತಿರ ಬಂದಾಗ, ಹಿಡಿದಿದ್ದಾಕೆ ಬರಿಯ ಹಣೆ ನೋಡಿ, ಬರಿಯ ಕೊರಳು ನೋಡಿ, ಮುಂದಿನವರ ಕಡೆ ತಿರುಗಿದಳು. ಕೆಟ್ಟ ಹೆಂಗಸಲ್ಲ ಆಕೆ. ಅಭ್ಯಾಸ ಅಷ್ಟೆ. ಹೊನ್ನವ್ವನೂ ಅದೇ ಅಭ್ಯಾಸದಿಂದ ಒಂದು ಹೆಜ್ಜೆ ಹಿಂದೆ ಸರಿದಿದ್ದಳು. ವೇದಿಕೆಯ ಮೇಲಿದ್ದ ಇಂದುಮತಿ ಅದನ್ನು ನೋಡಿದಳು. ಅವಳ ಎದೆ ನನ್ನ ಕೆಳಗೆ ಹೊಡೆದುಕೊಂಡ ಬಗೆ ನನಗೆ ಇನ್ನೂ ನೆನಪಿದೆ.

ತಾಯಿಯನ್ನು ಬೆಟಗೇರಿಗೆ ಬಿಡಲು ಹೋಗುವ ಕಾರಿನಲ್ಲಿ ಇಂದುಮತಿ ಕೇಳಿದಳು.

"ಯವ್ವಾ, ಮುಂದ ನನ್ನ ಬಾಜೂಕ ಕುಂದರು ಅಂದ್ರ ಯಾಕ ಬರಲಿಲ್ಲ?"

"ನೀ ಮುತ್ತೈದಿ ಆಗಿ ಕುಂತಿದ್ದಿ. ನನ್ನ ನೆಳ್ಳ ಯಾಕ ನಿನಗ?"

"ಇದು ಸುಳ್ಳ ತಾಳಿ ಐತಿ ಯವ್ವಾ."

"ನಿನಗ ಸುಳ್ಳ. ಕಣ್ಣಿಗೆ ಒತ್ತಿಕೊಂಡೋರಿಗೆ ಸುಳ್ಳ ಅಲ್ಲಲ್ಲ."

ಇಂದುಮತಿ ನನ್ನನ್ನು ಕೊರಳಿನಿಂದ ತೆಗೆದು ಮಡಿಲಲ್ಲಿ ಇಟ್ಟುಕೊಂಡಳು. ತಾಯಿಯನ್ನು ಎಂದಾದರೂ ಎಲ್ಲರ ಮುಂದೆ ಮುಂದಿನ ಸಾಲಿನಲ್ಲಿ ಕೂರಿಸಬೇಕು ಎಂಬ ಹಟ ಅವಳಿಗೆ ಹಿಡಿದದ್ದು ಆ ದಾರಿಯಲ್ಲಿ. ಬಾಯಿಬಿಟ್ಟು ಹೇಳಲಿಲ್ಲ. ಆದರೆ ಆಮೇಲೆ ಎಲ್ಲೇ ಸನ್ಮಾನವಾದರೂ ಕಾರ್ಯಕ್ರಮದವರನ್ನು ಅವಳು ಕೇಳುತ್ತಿದ್ದ ಮೊದಲ ಪ್ರಶ್ನೆ, ನಮ್ಮವ್ವನಿಗೆ ಮುಂದಿನ ಕುರ್ಚಿ ಇದೆಯೇ ಎಂದು. ಕುರ್ಚಿ ಇರುತ್ತಿತ್ತು. ಹೊನ್ನವ್ವ ಬರುತ್ತಿರಲಿಲ್ಲ.

ಕೆಲವು ವರ್ಷಗಳಾದ ಮೇಲೆ ಸುದರ್ಶನನಿಗೆ ಸಿನಿಮಾ ಹುಚ್ಚು ಹತ್ತಿತು. ಧಾರಾವಾಹಿ ಬಿಡುತ್ತೇನೆ ಎಂದ. ಹಾಗಾದರೆ ಗಂಡನನ್ನು ಸಾಯಿಸಿಬಿಡೋಣ, ಗಿರಿಜೆಯ ತಾಳಿ ತೆಗೆಯುವ ದೃಶ್ಯವನ್ನು ಒಂದು ವಾರ ತೋರಿಸೋಣ, ಟಿಆರ್‌ಪಿ ಎಲ್ಲಿಗೋ ಹೋಗುತ್ತದೆ ಎಂದು ಮೇಲಿನವರು ತೀರ್ಮಾನಿಸಿದರು. ಬಳೆ ಒಡೆಯುವುದು, ಕುಂಕುಮ ಅಳಿಸುವುದು, ನನ್ನನ್ನು ಕಿತ್ತುಹಾಕುವುದು. ಕಿತ್ತುಹಾಕಲು ನನ್ನಂಥದ್ದೇ ಇನ್ನೊಂದನ್ನು ಪುಟ್ಟಸ್ವಾಮಿ ತಂದಿಟ್ಟಿದ್ದ. ದೃಶ್ಯವನ್ನು ಓದಿ ಹೇಳಿದಾಗ ಇಂದುಮತಿ ಕೂತಲ್ಲಿಂದ ಏಳಲಿಲ್ಲ.

"ಗಂಡ ಸಾಯಲಿ ಸರ್, ಬೇಕಾದಷ್ಟು ಅಳತೀನಿ. ಈ ಶಾಟ್ ಮಾತ್ರ ಮಾಡಂಗಿಲ್ಲ."

ನಿರ್ದೇಶಕರಿಗೆ ಸಿಟ್ಟು ಬಂತು. ಇಷ್ಟು ವರ್ಷ ಹೇಳಿದ್ದನ್ನೆಲ್ಲ ಮಾಡಿದ ಹುಡುಗಿಗೆ ಈಗೇನಾಯಿತು ಎಂದರು. ಅವಳು ಹೇಳಿದಳು. ಅಪ್ಪ ಹೋದ ಹನ್ನೊಂದನೆಯ ದಿನ ಓಣಿಯ ಹೆಂಗಸರು ಅವ್ವನನ್ನು ಹಿತ್ತಲಿಗೆ ಕರೆದುಕೊಂಡು ಹೋದರು. ಇವಳು ಹಿತ್ತಲ ಬಾಗಿಲ ಬಳಿಯಿದ್ದ ಮಗ್ಗದ ಕೆಳಗಿನ ಕುಣಿಯಲ್ಲಿ ಅಡಗಿ ಕೂತು ನೋಡಿದಳು. ಎಳೆ ಕತ್ತರಿಸುವ ಕತ್ತರಿಯಿಂದಲೇ ತಾಳಿಯ ದಾರ ಕತ್ತರಿಸಿದರು. ಅಂದಿನಿಂದ ಅವ್ವ ಯಾರ ಮನೆಯ ಹಂದರದ ಕೆಳಗೂ ಮುಂದೆ ನಿಂತಿಲ್ಲ.

"ನಮ್ಮವ್ವ ದಿನಾ ಸಂಜಿಮುಂದ ಟೀವಿ ಮುಂದ ಕುಂದರತಾಳ್ರೀ. ಆಕಿಗೆ ಅದನ್ನ ಇನ್ನೊಮ್ಮೆ ತೋರಸಬೇಕೇನು ನಾನು?"

ಮರುದಿನದಿಂದ ಅವಳಿಗೆ ಕರೆ ಬರಲಿಲ್ಲ. ನಾನು ಪುಟ್ಟಸ್ವಾಮಿಯ ಡಬ್ಬಿಯಲ್ಲೇ ಉಳಿದೆ. ಆ ವಾರ ಹೊಸ ಹುಡುಗಿಯೊಬ್ಬಳನ್ನು ತಂದು ಗಿರಿಜೆಯ ಸೀರೆ ಉಡಿಸಿ ನನ್ನನ್ನು ತೊಡಿಸಿ ನೋಡಿದರು. ಒಳ್ಳೆಯ ಹುಡುಗಿ, ಚೆನ್ನಾಗಿಯೇ ಅತ್ತಳು. ಆದರೆ ನಾನು ಅವಳ ಎದೆಯ ಮೇಲೆ ನೆಟ್ಟಗೆ ನಿಲ್ಲಲಿಲ್ಲ, ಮತ್ತೆ ಮತ್ತೆ ಮಗುಚಿ ಬೆನ್ನು ತೋರಿಸಿದೆ. ಬೇಕೆಂದೇ ಮಾಡಿದೆನೇ ಎಂದು ಕೇಳಬೇಡಿ. ಇಂದುಮತಿ ಆಗ ಊರಿಗೆ ಹೋಗಲು ಟ್ರಂಕು ಕಟ್ಟಿದ್ದಳಂತೆ. ಬೇರೆ ಯಾವ ಕೆಲಸವೂ ಅವಳ ಕೈಯಲ್ಲಿ ಇರಲಿಲ್ಲ.

ಕಡೆಗೆ ಅವಳನ್ನು ಕಾಪಾಡಿದ್ದು ನಿರ್ಮಾಪಕರ ತಾಯಿ. ಆ ಮುದುಕಿ ಊಟದ ಹೊತ್ತಿನಲ್ಲಿ ಸುದ್ದಿ ಕೇಳಿ, ಗಿರಿಜೆ ಬರದಿದ್ದರೆ ಈ ಮನೆಯಲ್ಲಿ ಟೀವಿ ಹಚ್ಚುವುದೇ ಬೇಡ ಎಂದು ತಟ್ಟೆ ಸರಿಸಿದರಂತೆ. ಕಥೆ ಬರೆಯುವವರು ತಲೆ ಕೆರೆದುಕೊಂಡು ಹೊಸ ದಾರಿ ಹುಡುಕಿದರು. ಗಿರಿಜೆಯ ಗಂಡ ಸಾಯಲಿಲ್ಲ, ಗೋವೆಯ ದೋಣಿಯಿಂದ ಕಾಣೆಯಾದ. ನಾನು ಅವಳ ಕೊರಳಿಗೆ ಮರಳಿದೆ. ಆ ದಿನ ಮೇಕಪ್ ಕೋಣೆಯಲ್ಲಿ ಅವಳು ನನ್ನನ್ನು ಕೆನ್ನೆಗೆ ಒತ್ತಿಕೊಂಡು ಸುಮ್ಮನೆ ಕೂತಿದ್ದಳು. ನನಗೂ ಮಾತು ಬರುವಂತಿದ್ದರೆ ಚೆನ್ನಾಗಿತ್ತು ಅನ್ನಿಸಿತು.

ಆಮೇಲೆ ವರ್ಷಗಟ್ಟಲೆ ಗಿರಿಜೆ ಗಂಡನಿಗಾಗಿ ಕಾದಳು, ಅವಳ ಜೊತೆ ನಾಡೂ ಕಾಯಿತು. ಹೊನ್ನವ್ವ ಫೋನು ಮಾಡಿದಾಗಲೆಲ್ಲ ಮಗಳ ಆರೋಗ್ಯ ವಿಚಾರಿಸುವ ಮೊದಲೇ, "ಅಳಿಯಾ ಸಿಕ್ಕನೇನು?" ಎನ್ನುತ್ತಿದ್ದಳು. ಅಷ್ಟರಲ್ಲಿ ಸುದರ್ಶನನ ಸಿನಿಮಾಗಳು ಒಂದೂ ಓಡಲಿಲ್ಲ. ಅವನು ಮುಖ ಸಪ್ಪಗೆ ಮಾಡಿಕೊಂಡು ಬಂದು ಅವಕಾಶ ಕೇಳುವ ಹೊತ್ತಿಗೆ, ಅಪಘಾತದಲ್ಲಿ ಮುಖ ಬದಲಾಯಿತೆಂದು ಹೇಳಿ ಬೇರೊಬ್ಬ ನಟ ಅವನ ಜಾಗದಲ್ಲಿ ಬಂದು ಕೂತಾಗಿತ್ತು. ಪಾಪ, ಸುದರ್ಶನನಿಗೆ ಅದೇ ಮನೆಯ ವಕೀಲನ ಪಾತ್ರ ಸಿಕ್ಕಿತು. ಹೊನ್ನವ್ವ ಹೊಸ ಅಳಿಯನನ್ನು ಒಪ್ಪಲು ಇನ್ನೊಂದು ಯುಗಾದಿಯೇ ಬರಬೇಕಾಯಿತು.

'ಬೆಳ್ಳಿ ಹೊಸ್ತಿಲು' ಒಂದು ದಿನ ಮುಗಿಯಿತು. ಕುಂಬಳಕಾಯಿ ಒಡೆದು, ಫೋಟೋ ತೆಗೆಸಿಕೊಂಡು, ಎಲ್ಲರೂ ಕಣ್ಣೊರೆಸಿಕೊಂಡರು. ಪ್ರಾಪರ್ಟಿಗಳನ್ನೆಲ್ಲ ಗೋಡೌನಿಗೆ ಸಾಗಿಸುವಾಗ ಪುಟ್ಟಸ್ವಾಮಿ ನನ್ನನ್ನು ಕಾಗದದಲ್ಲಿ ಸುತ್ತಿ ಇಂದುಮತಿಯ ಕೈಗೆ ಕೊಟ್ಟ. ನಿನ್ನ ಕೊರಳಿಗೆ ಒಗ್ಗಿದ್ದು ಇನ್ನೊಬ್ಬರಿಗೆ ಒಗ್ಗುವುದಿಲ್ಲ ತಾಯಿ, ಇಟ್ಟುಕೊ ಎಂದ. ಹಾಗೆ ನಾನು ಅವಳ ಮೇಕಪ್ ಪೆಟ್ಟಿಗೆಯ ಮೂಲೆಗೆ ಬಂದೆ.

ಕಾಲ ಯಾರ ಮಾತನ್ನೂ ಕೇಳುವುದಿಲ್ಲ, ಟೀವಿಯಲ್ಲಂತೂ ಇನ್ನೂ ಅವಸರ. ಸೊಸೆಯಾಗಿದ್ದವಳು ಕಣ್ಣು ಮುಚ್ಚಿ ತೆರೆಯುವಷ್ಟರಲ್ಲಿ ನಾಯಕಿಯ ಅಕ್ಕನಾದಳು, ತಾಯಿಯಾದಳು, ಕೊನೆಗೆ ಅತ್ತೆಯಾದಳು. ತನ್ನನ್ನು ಗದರಿಸಿದ್ದ ಅತ್ತೆಯರಿಗಿಂತ ಜೋರಾಗಿ ಗದರಿಸುವುದನ್ನು ಕಲಿತಳು. ಶಾಟ್ ಮುಗಿದ ಮೇಲೆ ಗದರಿಸಿಕೊಂಡ ಹುಡುಗಿಗೆ ಮಂಡಕ್ಕಿ ಕಲಸಿ ಕೊಡುವಳು. ಪ್ರತಿ ಹೊಸ ಪಾತ್ರಕ್ಕೂ ಅವಳ ಕೊರಳಲ್ಲಿ ನಾನೇ. ಅವಳಿದ್ದ ಧಾರಾವಾಹಿಗಳೆಲ್ಲ ಓಡಿದ್ದರಿಂದ ನನ್ನದು ಒಳ್ಳೆಯ ಕಾಲ್ಗುಣ ಎಂಬ ಮಾತು ಹಬ್ಬಿತು. ಕಾಲೇ ಇಲ್ಲದವನಿಗೆ ಕಾಲ್ಗುಣ. ಹೊಳಪು ಮಾತ್ರ ಕುಗ್ಗುತ್ತ ಬಂತು. ಎರಡು ಸಲ ಮತ್ತೆ ಚಿನ್ನದ ನೀರು ಕುಡಿಸಿದಳು, ಎರಡು ಸಲವೂ ಅದು ಅವಳ ಬೆವರಿಗೆ ಸವೆದುಹೋಯಿತು.

ವಯಸ್ಸಾದ ಹೊನ್ನವ್ವನನ್ನು ಅವಳು ಬೆಂಗಳೂರಿಗೆ ಕರೆಸಿಕೊಂಡಳು. ಆಕೆ ಬಂದಳು, ಆದರೆ ಸೆಟ್ಟಿಗೆ ಮಾತ್ರ ಬರುತ್ತಿರಲಿಲ್ಲ. ನಿಮ್ಮಲ್ಲಿ ದಿನಾ ಮದುವೆ, ದಿನಾ ಸೀಮಂತ, ನನಗೆ ಅಲ್ಲೇನು ಕೆಲಸ ಎನ್ನುತ್ತಿದ್ದಳು. ಒಂದು ಬಾರಿ ಮನೆಗೆ ಸುಣ್ಣಬಣ್ಣ ಹಚ್ಚುವ ಕೆಲಸ ನಡೆದು, ಆ ವಾಸನೆಗೆ ಆಕೆಗೆ ಕೆಮ್ಮು ಹೆಚ್ಚಾಯಿತು. ಬೇರೆ ದಾರಿಯಿಲ್ಲದೆ ಇಂದುಮತಿ ಜೊತೆಗೆ ಕರೆತಂದು ಮೇಕಪ್ ಕೋಣೆಯಲ್ಲಿ ಫ್ಯಾನಿನ ಕೆಳಗೆ ಕೂರಿಸಿದಳು.

ಅಂದೂ ಒಂದು ಮದುವೆಯ ದೃಶ್ಯ. ಹುಡುಗಿಗೆ ಆರತಿ ಎತ್ತಲು ಐದು ಮಂದಿ ಮುತ್ತೈದೆಯರು ಬೇಕು, ಅವರಲ್ಲಿ ಹಿರಿಯಳಾಗಿ ಒಬ್ಬ ಅಜ್ಜಿ. ಅಜ್ಜಿಯ ಪಾತ್ರದಾಕೆ ಮಂಡಿನೋವೆಂದು ಬರಲಿಲ್ಲ. ನಿರ್ದೇಶಕಿ ಸಿಂಚನಾ ಚಿಕ್ಕ ವಯಸ್ಸಿನವಳು, ಒಳ್ಳೆಯ ಹುಡುಗಿ. ಮೇಕಪ್ ಕೋಣೆಗೆ ಇಣುಕಿ, ಇಲ್ಲೇ ಇದ್ದಾರಲ್ಲ ಅಜ್ಜಿ, ಎಷ್ಟು ಮುದ್ದಾಗಿದ್ದಾರೆ, ಇವರನ್ನೇ ಕೂರಿಸೋಣ ಎಂದುಬಿಟ್ಟಳು. ಕೋಣೆಯಲ್ಲಿದ್ದ ಹೆಂಗಸರೆಲ್ಲ ಹೊನ್ನವ್ವನ ಬರಿಯ ಹಣೆಯ ಕಡೆ ತಿರುಗಿದರು. ಹುಡುಗಿಗೆ ತಾನೇನು ತಪ್ಪು ಹೇಳಿದೆನೆಂದು ತಿಳಿಯಲಿಲ್ಲ.

ಹೊನ್ನವ್ವ ಸೆರಗನ್ನು ಬಿಗಿದುಕೊಂಡಳು. "ನಾ ಹೆಂಗ ಕುಂದರ್ಲೆವ್ವಾ? ಅದು ಮುತ್ತೈದೇರ ಜಾಗ."

ಇಂದುಮತಿ ಕೊರಳಿಗೆ ಕೈ ಹಾಕಿದಳು. ನನ್ನನ್ನು ಕರಿಮಣಿಯಿಂದ ಬಿಚ್ಚಿದಳು. ಪುಟ್ಟಸ್ವಾಮಿ ಆಗ ಮುದುಕನಾಗಿದ್ದರೂ ಕೆಲಸ ಬಿಟ್ಟಿರಲಿಲ್ಲ. ಅವನ ಮುಂದೆ ಕೈ ಚಾಚಿದಳು. ಅವನು ಅವಳ ಮುಖ ನೋಡಿ ಒಂದು ಹೊಸ ಅರಿಶಿನ ದಾರ ಕೊಟ್ಟ. ಅವಳು ನನ್ನನ್ನು ಅದಕ್ಕೆ ಪೋಣಿಸಿ ತಾಯಿಯ ಹಿಂದೆ ಹೋಗಿ ನಿಂತಳು.

"ಯವ್ವಾ, ಇದು ಸುಳ್ಳ ತಾಳಿ. ಇದಕ್ಕ ಯಾವ ಗಂಡನ ಹಂಗೂ ಇಲ್ಲ. ಯಾರ ಸತ್ತರೂ ಇದನ್ನ ಯಾರೂ ಕೇಳಂಗಿಲ್ಲ. ಹಾಕ್ಕೊ ಯವ್ವಾ."

ಹೊನ್ನವ್ವ ತಲೆ ತುಸು ಬಗ್ಗಿಸಿದಳು. ಆ ಕೊರಳಿನ ಚರ್ಮ ತೆಳುವಾಗಿತ್ತು, ತಣ್ಣಗಿತ್ತು. ಇಂದುಮತಿ ಒಂದು ಗಂಟು ಹಾಕಿದಳು. ಎರಡನೆಯದನ್ನು ಹಾಕಿದಳು. ಎಷ್ಟೋ ವರ್ಷಗಳ ರೂಢಿ, ಅವಳ ಕೈ ಅಲ್ಲಿಗೆ ತಾನಾಗಿ ನಿಂತಿತು. ಪುಟ್ಟಸ್ವಾಮಿ ಕುಂಕುಮದ ಡಬ್ಬಿ ಮುಂದಿಟ್ಟ. ಮಗಳು ತಾಯಿಯ ಹಣೆಗೆ ಇಟ್ಟಳು.

ಹೊನ್ನವ್ವ ಕನ್ನಡಿ ನೋಡಿದಳು. ನಾನೂ ನೋಡಿದೆ. ಸುತ್ತ ದೀಪಗಳಿದ್ದ ಆ ಕನ್ನಡಿಯಲ್ಲಿ ಆಕೆಯ ಮೂಗು, ನನ್ನ ಮೈಮೇಲಿನ ಲಕ್ಷ್ಮಿಯ ಮೂಗು, ಎರಡೂ ಒಂದೇ ಕಡೆಗೆ ಸೊಟ್ಟಗಿದ್ದವು. ಇಂದುಮತಿ ಮೊದಲ ದಿನವೇ ಹೇಳಿದ್ದು ಸುಳ್ಳಾಗಿರಲಿಲ್ಲ. ಹೊನ್ನವ್ವ ಕೈ ಹಿಂದಕ್ಕೆ ತಂದು ದಾರವನ್ನು ಮುಟ್ಟಿ ನೋಡಿಕೊಂಡಳು. ಜೀವಮಾನವೆಲ್ಲ ದಾರದೊಂದಿಗೆ ಕಳೆದವಳ ಬೆರಳು, ಗಂಟು ಎಷ್ಟಿವೆ ಎಂದು ಅದಕ್ಕೆ ಹೇಳಿಕೊಡಬೇಕೇ.

"ಎರಡ ಹಾಕೀದಿ," ಎಂದಳು.

"ಇಲ್ಲಿ ಎರಡ ಹಾಕೋದವ್ವಾ. ಪದ್ಧತಿ."

ಹೊನ್ನವ್ವ ದಾರದ ತುದಿಯನ್ನು ಮಗಳ ಬೆರಳಿಗೆ ಕೊಟ್ಟಳು. ಬಹಳ ಮೆಲ್ಲಗೆ ಹೇಳಿದಳು.

"ಇನ್ನೊಂದು ಹಾಕು."

ಇಂದುಮತಿ ಪುಟ್ಟಸ್ವಾಮಿಯ ಕಡೆ ನೋಡಿದಳು. ಮೂರನೆಯ ಗಂಟಿಗೆ ಅಡ್ಡ ಬರುವುದನ್ನೇ ಕಸುಬು ಮಾಡಿಕೊಂಡಿದ್ದವನು, ಯಾವುದೋ ಸೀರೆಯ ಮಡಿಕೆ ಸರಿ ಮಾಡಬೇಕೆನ್ನುವಂತೆ ಗೋಡೆಯ ಕಡೆ ತಿರುಗಿ ನಿಂತ. ಅವಳು ಉಸಿರು ಹಿಡಿದಳು. ನನಗೆ ಆ ಉಸಿರು ಗೊತ್ತಲ್ಲ. ಕಣ್ಣೀರು ನನ್ನ ದಾರದ ಮೇಲೆ ಬಿತ್ತು, ಅದು ಗ್ಲಿಸರಿನ್ ಅಲ್ಲ. ಒದ್ದೆ ದಾರದಲ್ಲೇ ಅವಳು ಮೂರನೆಯ ಗಂಟು ಹಾಕಿದಳು. ನಾನು ಹುಟ್ಟಿದ ಮೇಲೆ ನನಗೆ ಬಿದ್ದ ಮೊದಲ ಮೂರನೆಯ ಗಂಟು ಅದು.

ಹೊನ್ನವ್ವ ಹೊರಗೆ ಬಂದಳು. ಹಂದರದ ಕೆಳಗೆ, ಎಲ್ಲರಿಗಿಂತ ಮುಂದಿನ ಜಾಗದಲ್ಲಿ, ದೊಡ್ಡ ದೊಡ್ಡ ದೀಪಗಳ ಬೆಳಕಿನಲ್ಲಿ ಕೂತಳು. ಪಕ್ಕದಲ್ಲಿ ಅತ್ತೆಯ ಪಾತ್ರದ ಇಂದುಮತಿ, ಮೇಕಪ್ ಪೆಟ್ಟಿಗೆಯಲ್ಲಿದ್ದ ಯಾವುದೋ ಬೇರೆ ತಾಳಿ ಹಾಕಿಕೊಂಡು. ಹೊನ್ನವ್ವ ಆರತಿ ಎತ್ತಿದಳು. ಸಿಂಚನಾ ಎರಡನೆಯ ಟೇಕು ಕೇಳಲಿಲ್ಲ. ಸಂಜೆ ಕೆಲಸ ಮುಗಿದ ಮೇಲೆ ಇಂದುಮತಿ ನನ್ನನ್ನು ಬಿಚ್ಚಲು ಹೋಗಲಿಲ್ಲ, ಹೊನ್ನವ್ವನೂ ಬಿಚ್ಚು ಎನ್ನಲಿಲ್ಲ. ಕಾರಿನಲ್ಲಿ ಆಕೆ ಸೆರಗಿನೊಳಗೆ ನನ್ನನ್ನು ಹಿಡಿದುಕೊಂಡೇ ನಿದ್ದೆ ಹೋದಳು.

ಆಮೇಲಿನ ದಿನಗಳು ನನ್ನ ಬಾಳಿನ ಒಳ್ಳೆಯ ದಿನಗಳು. ಆಣೆ ಇಲ್ಲ, ಕ್ಲೋಸಪ್ ಇಲ್ಲ, ತಮಟೆ ಸದ್ದಿಲ್ಲ. ಬೆಳಿಗ್ಗೆ ಸ್ನಾನವಾದ ಮೇಲೆ ಹೊನ್ನವ್ವ ನನಗೆ ಅರಿಶಿನ ಹಚ್ಚುವಳು, ಹಚ್ಚಿ ತಿಕ್ಕುವಳು. ಆ ತಿಕ್ಕಾಟಕ್ಕೆ ಉಳಿದಿದ್ದ ಚಿನ್ನದ ನೀರೂ ಹೋಗಿ ತಾಮ್ರ ಹೊರಬಿತ್ತು. ಆಕೆಗೆ ಅದರ ಗೊಡವೆಯೇ ಇರಲಿಲ್ಲ. ಗಣೇಶನ ಹಬ್ಬಕ್ಕೆ ಮೇಲಿನ ಮನೆಯವರು ಕುಂಕುಮಕ್ಕೆ ಕರೆದರೆ ಹೋಗಿಬಂದಳು. ಮಗಳಿಗೆ ದೊಡ್ಡ ಪ್ರಶಸ್ತಿಯೊಂದು ಬಂದಾಗ ಕಲಾಕ್ಷೇತ್ರದ ಮುಂದಿನ ಕುರ್ಚಿಯಲ್ಲಿ ಕೂತಳು. ವೇದಿಕೆಯಿಂದ ಇಂದುಮತಿ ಮೊದಲು ಹುಡುಕಿದ್ದು ಆ ಕುರ್ಚಿಯನ್ನೇ. ಅವಳು ಅಂದು ಬರೆದುಕೊಂಡು ಬಂದಿದ್ದ ಭಾಷಣ ಮರೆತಳು. ಯವ್ವಾ ಎಂದಷ್ಟೇ ಅಂದಳು. ಸಭೆಯೆಲ್ಲ ಗಿರಿಜಕ್ಕ ನೆನಪಾಗಿ ಚಪ್ಪಾಳೆ ತಟ್ಟಿತು. ಅದು ಗಿರಿಜೆಯ ಯವ್ವಾ ಅಲ್ಲ ಎಂಬುದು ಆ ಮುಂದಿನ ಕುರ್ಚಿಗೆ ಗೊತ್ತಿತ್ತು, ನನಗೆ ಗೊತ್ತಿತ್ತು.

ಹೊನ್ನವ್ವ ಒಂದು ಮಾಗಿಯ ಬೆಳಿಗ್ಗೆ ನಿದ್ದೆಯಲ್ಲೇ ಹೋದಳು. ಊರಿನಿಂದ ಬಂದ ನೆಂಟರಲ್ಲಿ ಹಿರಿಯಳೊಬ್ಬಳು ನನ್ನನ್ನು ನೋಡಿ ಗಾಬರಿಯಾಗಿ, ಇದನ್ನು ಕತ್ತರಿಸಿ ತೆಗೆಯಬೇಕಲ್ಲ ಎಂದು ಕತ್ತರಿ ಕೇಳಿದಳು. ಯಾರೋ ತಂದ ಕತ್ತರಿಯನ್ನು ಇಂದುಮತಿ ಇಸಿದುಕೊಂಡು ದೂರ ಇಟ್ಟಳು. ತಾಯಿಯ ತಲೆಯನ್ನು ಎತ್ತಿ ಹಿಡಿದು, ಬಿಳಿಯ ಕೂದಲಿಗೆ ಸಿಕ್ಕದಂತೆ, ದಾರವನ್ನು ಇಡಿಯಾಗಿ ತಲೆಯ ಮೇಲಿನಿಂದ ಮೆಲ್ಲಗೆ ತೆಗೆದಳು. ಗಂಟು ಬಿಚ್ಚಲಿಲ್ಲ. ಕಾಲು ಮುಟ್ಟಿ ನಮಸ್ಕರಿಸಿ ನನ್ನನ್ನು ಮಡಿಲಿಗೆ ಹಾಕಿಕೊಂಡಳು.

ಈಗ ನಾನು ಅವಳ ಮನೆಯ ನಡುಕೋಣೆಯಲ್ಲಿದ್ದೇನೆ. ಹೊನ್ನವ್ವನ ಫೋಟೋದ ಪಕ್ಕದ ಮೊಳೆಯಲ್ಲಿ, ಅರಿಶಿನ ಬಣ್ಣ ಮಾಸಿದ ಅದೇ ದಾರದಲ್ಲಿ, ಮೂರು ಗಂಟುಗಳ ಸಮೇತ. ಇಂದುಮತಿಗೂ ಕೂದಲು ನೆರೆತಿದೆ. ಈಚೆಗೆ ಅಜ್ಜಿಯ ಪಾತ್ರಗಳು ಬರುತ್ತಿವೆ. ಶೂಟಿಂಗಿಗೆ ಹೊರಡುವಾಗ ಒಮ್ಮೆ ನನ್ನ ಮೂಗಿನ ಮೇಲೆ ಬೆರಳಾಡಿಸಿ ಹೋಗುತ್ತಾಳೆ.

ಮೊನ್ನೆ ಸಿಂಚನಾ ಬಂದಿದ್ದಳು, ಜೊತೆಗೆ ಇನ್ನೂ ಇಪ್ಪತ್ತು ದಾಟಿರದ ಹೊಸ ನಾಯಕಿ. ಹೊಸ ಧಾರಾವಾಹಿ ಶುರುವಾಗುತ್ತಿದೆ, ಮುಂದಿನ ವಾರ ಮದುವೆಯ ದೃಶ್ಯ. ಆ ಹುಡುಗಿ ಚಿಕ್ಕಂದಿನಲ್ಲಿ ಅಜ್ಜಿಯ ತೊಡೆಯ ಮೇಲೆ ಕೂತು ಗಿರಿಜಕ್ಕನನ್ನು ನೋಡಿ ಬೆಳೆದವಳಂತೆ. ಮಾತಾಡುತ್ತ ಮಾತಾಡುತ್ತ ನನ್ನ ಕಡೆ ಕೈ ತೋರಿಸಿದಳು. "ಮೇಡಂ, ಆ ಪ್ರಾಪರ್ಟಿ ತಾಳಿ ಇದೇ ಅಲ್ವಾ? ಅದು ಇದ್ರೆ ಸೀರಿಯಲ್ ಓಡುತ್ತೆ ಅಂತಾರೆ. ಒಂದೇ ಒಂದು ಶಾಟ್‌ಗೆ ಕೊಡಿ ಮೇಡಂ, ವಾಪಸ್ ತಂದುಕೊಡ್ತೀನಿ."

ಇಂದುಮತಿ ಇಲ್ಲವೆನ್ನುವವಳಲ್ಲ. ಸೀರೆ ಕೇಳಿದವರಿಗೆ ಸೀರೆ ಕೊಟ್ಟಿದ್ದಾಳೆ, ಓಲೆ ಕೇಳಿದವರಿಗೆ ಓಲೆ ಕೊಟ್ಟಿದ್ದಾಳೆ. ಎದ್ದು ಒಳಗೆ ಹೋಗಿ ತನ್ನ ಮೇಕಪ್ ಪೆಟ್ಟಿಗೆಯನ್ನೇ ತಂದು ಆ ಹುಡುಗಿಯ ಮಡಿಲಲ್ಲಿಟ್ಟು, ಇದರಲ್ಲಿ ಬೇಕಾದ್ದು ತಗೊ ಎಂದಳು. ಆಮೇಲೆ ನನ್ನ ಕಡೆ ನೋಡಿದಳು. ಇಷ್ಟು ವರ್ಷ ಬೆಂಗಳೂರಿನಲ್ಲಿದ್ದು ಅವಳ ಮಾತು ಎಲ್ಲರ ಮಾತಿನಂತಾಗಿತ್ತು. ಆ ಹೊತ್ತಿಗೆ ಬೆಟಗೇರಿಯೇ ಬಾಯಿಗೆ ಬಂತು.

"ಅದು ಪ್ರಾಪರ್ಟಿ ಅಲ್ಲವ್ವಾ. ನಮ್ಮವ್ವನ ತಾಳಿ."

ಹುಡುಗಿ ಎದ್ದು ಬಂದು ನನಗೆ ಕೈ ಮುಗಿದಳು. ದಾವಣಗೆರೆಯಲ್ಲಿ ಅಷ್ಟು ಹೆಂಗಸರು ಕಣ್ಣಿಗೊತ್ತಿಕೊಂಡಾಗ ನಾಚಿಕೆಪಟ್ಟಿದ್ದ ನನಗೆ ಈ ಸಲ ನಾಚಿಕೆಯಾಗಲಿಲ್ಲ. ಚಿನ್ನದ ನೀರು ಒಂದು ಹನಿಯೂ ಉಳಿದಿಲ್ಲ, ಲಕ್ಷ್ಮಿಯ ಮುಖ ಸವೆದು ಮೂಗೊಂದೇ ಗುರುತಿಗೆ ಸಿಗುತ್ತದೆ. ಆದರೆ ನೀನು ಯಾರೆಂದು ಕೇಳಿದರೆ ಈಗ ನನ್ನ ಬಳಿ ಉತ್ತರವಿದೆ. ನಾನು ಒಂದು ತಾಳಿ. ಬೆಟಗೇರಿಯ ಹೊನ್ನವ್ವನದು, ಮಗಳು ಕಟ್ಟಿದ್ದು.